ಬೆಂಚಿನ ಮೇಲೆ ಆರಡಿ ಹನ್ನೊಂದು ಅಂಗುಲ

2017ರ ಕೊನೆಯ ತಿಂಗಳುಗಳಲ್ಲಿ ಮೈಸೂರಿನಿಂದ ಚಿಕ್ಕಪ್ಪ ಸಿಡ್ನಿಗೆ ಬಂದಿದ್ದರು. ಬ್ಯಾಂಕಿನಿಂದ ನಿವೃತ್ತರಾದವರು. ಒಪೆರಾ ಹೌಸನ್ನು "ಚೆನ್ನಾಗಿದೆ" ಎಂಬ ಒಂದೇ ಮಾತಿನಲ್ಲಿ ಮುಗಿಸಿದ್ದರು. ಒಂದು ಸಂಜೆ ಲಿಡ್ಕಂಬ್‌ನಲ್ಲಿ ರೈಲು ಬದಲಿಸಿ ಅವರನ್ನು ಒಲಿಂಪಿಕ್ ಪಾರ್ಕಿಗೆ, ಸಿಡ್ನಿ ಕಿಂಗ್ಸ್ ತಂಡದ ಬಾಸ್ಕೆಟ್‌ಬಾಲ್ ಪಂದ್ಯಕ್ಕೆ ಕರೆದೊಯ್ದೆ. ಅವರದು ನೆಪ ಮಾತ್ರ. ನನಗೆ ಅಮೃತ್‌ಪಾಲ್ ಸಿಂಗ್ ಅವರನ್ನು ನೋಡಬೇಕಿತ್ತು.

ಅಮೃತ್‌ಪಾಲ್ ಪಂಜಾಬಿನ ರೈತರ ಮನೆಯವರು. ಹದಿಹರೆಯದ ಕೊನೆಗೆ ಚೆಂಡು ಹಿಡಿದು, ಲೂಧಿಯಾನದ ಅಕಾಡೆಮಿಯಲ್ಲಿ ಪಳಗಿ, ಜಪಾನಿನ ಟೋಕಿಯೋ ಎಕ್ಸಲೆನ್ಸ್ ತಂಡದಲ್ಲಿ ಆಡಿ ಇಲ್ಲಿಗೆ ಬಂದಿದ್ದರು. ಆಸ್ಟ್ರೇಲಿಯಾದ ಬಾಸ್ಕೆಟ್‌ಬಾಲ್ ಲೀಗ್ ಎನ್‌ಬಿಎಲ್‌ನಲ್ಲಿ ಕರಾರು ಪಡೆದ ಮೊದಲ ಭಾರತೀಯ. 2014ರಲ್ಲಿ ಚೀನಾದ ವುಹಾನ್‌ನಲ್ಲಿ ನಡೆದ ಏಷ್ಯಾ ಕಪ್‌ನಲ್ಲಿ ಭಾರತ ಚೀನಾವನ್ನು 65–58ರಿಂದ ಸೋಲಿಸಿದ ತಂಡದಲ್ಲಿ ಇದ್ದವರು. ಅದೇ ಟೂರ್ನಿಯಲ್ಲಿ ಅವರಿಗೂ ಜೊತೆ ಆಟಗಾರ ಅಮ್‌ಜ್ಯೋತ್ ಸಿಂಗ್‌ಗೂ ಅಧಿಕಾರಿಗಳು ಪೇಟ ತೆಗೆದು ಆಡಿ ಎಂದಿದ್ದರು. ಆ ನಿಯಮ ಬದಲಾಗಲು 2017 ಬರಬೇಕಾಯಿತು.

ಕಾಲೇಜು ತಂಡದಲ್ಲಿ ನಾನು ಮೂರು ವರ್ಷ ಬದಲಿ ಆಟಗಾರನಾಗಿ ಬೆಂಚು ಕಾಯಿಸಿದವನು. ಹಾಗಾಗಿ ಅಂಗಳಕ್ಕಿಂತ ಮೊದಲು ಬೆಂಚಿನ ಕಡೆ ಕಣ್ಣು ಹೋಗುತ್ತದೆ. ಅಲ್ಲಿ ಕೂತವರಿಗೆ ಬೇರೆಯದೇ ಕಷ್ಟವಿದೆ: ಮೈ ಆರಬಾರದು, ಮುಖ ಬಾಡಬಾರದು. ನಾನಂತೂ ಬಿಗಿಯಾಗಿದ್ದ ಶೂ ಲೇಸನ್ನೇ ಬಿಚ್ಚಿ ಬಿಚ್ಚಿ ಕಟ್ಟುತ್ತಿದ್ದೆ. ತರಬೇತುದಾರರು ನನ್ನತ್ತ ತಿರುಗಿದಾಗಲೆಲ್ಲ ಸಿದ್ಧನಿರುವಂತೆ ಕಾಣಬೇಕಲ್ಲ.

"ಅಷ್ಟು ಎತ್ತರದವನನ್ನು ಸುಮ್ಮನೆ ಕೂರಿಸಿದ್ದಾರಲ್ಲೋ," ಎಂದರು ಚಿಕ್ಕಪ್ಪ.

ಕೊನೆಯ ನಿಮಿಷಗಳಲ್ಲಿ ಕರೆ ಬಂದರೆ ಬಂತು, ಇಲ್ಲದಿದ್ದರೆ ಇಲ್ಲ ಎಂದೆ. ಹೊರದೇಶದ ಲೀಗುಗಳಲ್ಲಿ ಪರದೇಶಿ ಆಟಗಾರರಿಗೆ ಜಾಗ ಕಡಿಮೆ. ಕರಾರು ಹೆಚ್ಚಾಗಿ ಒಂದೊಂದು ಸೀಸನ್ನಿಗೆ. ಮುಗಿದ ಮೇಲೆ ಬೇರೆ ಊರು, ಬೇರೆ ಭಾಷೆ, ಬೇರೆ ಊಟ. ಅಮ್‌ಜ್ಯೋತ್ ಆ ಹೊತ್ತಿಗೆ ಅಮೆರಿಕದಲ್ಲಿ, ಅಲ್ಲಿನ ಅಗ್ರ ಲೀಗ್ ಎನ್‌ಬಿಎಗೆ ಒಂದು ಮೆಟ್ಟಿಲು ಕೆಳಗಿನ ಒಕ್ಲಹೋಮ ಸಿಟಿ ಬ್ಲೂ ತಂಡದಲ್ಲಿದ್ದರು. 2015ರ ಎನ್‌ಬಿಎ ಡ್ರಾಫ್ಟ್‌ನಲ್ಲಿ, ಅಂದರೆ ತಂಡಗಳು ಸರದಿಯಂತೆ ಹೊಸ ಆಟಗಾರರನ್ನು ಆರಿಸುವಲ್ಲಿ, 52ನೆಯವರಾಗಿ ಆಯ್ಕೆಯಾದ ಭಾರತದ ಸತ್ನಾಮ್ ಸಿಂಗ್ ಒಂದೂ ಎನ್‌ಬಿಎ ಪಂದ್ಯವಾಡದೆ ಮುಂದೆ ಕೆನಡಾದ ಲೀಗಿಗೆ, ಅಲ್ಲಿಂದ ಕುಸ್ತಿಯ ರಿಂಗಿಗೆ ಹೋದರು.

ನನಗೆ ಮಜವೆನಿಸಿದ್ದು ಕಿಂಗ್ಸ್ ತರಬೇತುದಾರ ಆಂಡ್ರ್ಯೂ ಗೇಜ್. ಐದು ಒಲಿಂಪಿಕ್ಸ್ ಆಡಿದವರು, 2000ದಲ್ಲಿ ಇದೇ ಊರಿನಲ್ಲಿ ಆಸ್ಟ್ರೇಲಿಯಾದ ಧ್ವಜ ಹಿಡಿದವರು. ತವರಿನಲ್ಲಿ ಅಂಕಗಳ ಮಳೆ ಸುರಿಸಿದ ಈ ಮನುಷ್ಯ 1999ರಲ್ಲಿ ಸ್ಯಾನ್ ಆಂಟೋನಿಯೋ ತಂಡ ಎನ್‌ಬಿಎ ಗೆದ್ದಾಗ ಅಲ್ಲಿ ಬಹುಪಾಲು ಬೆಂಚಿನ ಮೇಲೇ ಇದ್ದರು. ಯಾರನ್ನು ಎಷ್ಟು ಹೊತ್ತು ಕೂರಿಸುತ್ತಿದ್ದೇನೆ ಎಂಬುದು ಅವರಿಗೆ ತಿಳಿಯದ್ದಲ್ಲ. ಆದರೂ ಸೋಲುತ್ತಿದ್ದ ತಂಡದಲ್ಲಿ ದಾಕ್ಷಿಣ್ಯಕ್ಕೆ ಎಡೆಯೆಲ್ಲಿ? ಆ ಸಾಲಿನಲ್ಲಿ ಕಿಂಗ್ಸ್ 28 ಪಂದ್ಯಗಳಲ್ಲಿ ಗೆದ್ದದ್ದು 11.

ಚಿಕ್ಕಪ್ಪ ಯೋಚಿಸಿ, "ಅಂದರೆ ಇದು ಗುತ್ತಿಗೆ ನೌಕರಿ," ಎಂದು ತೀರ್ಪು ಕೊಟ್ಟರು. "ಪಿಂಚಣಿ ಇಲ್ಲ, ಬಡ್ತಿ ಇಲ್ಲ, ಮಂಡಿ ಹೋದರೆ ಮನೆಗೆ."

ಹೌದೆಂದೆ. ವಾಪಸ್ಸಿನ ರೈಲಿನಲ್ಲಿ ಬಹಳ ಹೊತ್ತು ಮಾತಿಲ್ಲ. ಲಿಡ್ಕಂಬ್ ಪ್ಲಾಟ್‌ಫಾರ್ಮಿನ ಗಾಳಿಗೆ ಮಫ್ಲರ್ ಬಿಗಿದುಕೊಳ್ಳುತ್ತಾ ಕೇಳಿದರು: "ನಿನ್ನ ವೀಸಾ ಯಾವಾಗ ಮುಗಿಯುತ್ತದೆ?"