ರ‍್ಯಾಂಕ್ ಪೇ: ಗೆದ್ದವರು ಒಬ್ಬರು, ಕಾದವರು ಎಲ್ಲರೂ

ನೌಕಾಪಡೆಯ ಲೆಫ್ಟಿನೆಂಟ್ ಕಮಾಂಡರ್, ಭೂಸೇನೆಯ ಮೇಜರ್. ಇಬ್ಬರದೂ ಒಂದೇ ದರ್ಜೆ, ಹಾಗಾಗಿ ಸಂಬಳವೂ ಒಂದೇ ಇರಬೇಕು. ಕಾಗದದ ಮೇಲೆ ಇದೆ ಕೂಡ. ಆದರೆ ಇಬ್ಬರಿಗೂ ಸಮನಾಗಿ ಕಡಿಮೆ ಕೊಟ್ಟು, ಆಮೇಲೆ ಕೋರ್ಟಿಗೆ ಹೋದ ಒಬ್ಬರಿಗೆ ಮಾತ್ರ ಸರಿಪಡಿಸಿದರೆ ಅದನ್ನು ಸಮಾನತೆ ಅಂತ ಹೇಗೆ ಕರೆಯೋದು?

ನಾಲ್ಕನೇ ವೇತನ ಆಯೋಗದ ಕಾಲದ ಕಥೆ ಇದು. 1986ರ ಜನವರಿ 1ರಿಂದ ಸೇನಾಧಿಕಾರಿಗಳಿಗೆ ದರ್ಜೆಗೆ ತಕ್ಕಂತೆ ಕೊಡುವ ರ‍್ಯಾಂಕ್ ಪೇ ಅಂತ ಬಂತು. ಭೂಸೇನೆಯ ಕ್ಯಾಪ್ಟನ್‌ಗೆ, ಅಂದರೆ ನೌಕಾಪಡೆಯ ಲೆಫ್ಟಿನೆಂಟ್‌ಗೆ ತಿಂಗಳಿಗೆ 200 ರೂಪಾಯಿ, ಮೇಜರ್‌ಗೆ 600, ಬ್ರಿಗೇಡಿಯರ್‌ಗೆ, ಅಂದರೆ ನೌಕಾಪಡೆಯ ಕಮೋಡೋರ್‌ಗೆ 1,200. ಮೂಲ ವೇತನದ ಜೊತೆಗೆ ಸೇರಬೇಕಾದ ಹಣ. ಆದರೆ ಹೊಸ ವೇತನ ನಿಗದಿ ಮಾಡುವಾಗ ಮೊದಲು ಅಷ್ಟೇ ಮೊತ್ತ ಕಳೆದುಬಿಟ್ಟರು! ಉದಾಹರಣೆಗೆ ಒಬ್ಬ ಮೇಜರ್‌ನ ಲೆಕ್ಕ 3,800ಕ್ಕೆ ಬಂತು ಅಂತಿಟ್ಟುಕೊಳ್ಳಿ. ಅದರಿಂದ 600 ತೆಗೆದು 3,200ಕ್ಕೆ ಮೂಲ ವೇತನ ನಿಲ್ಲಿಸಿ, ಅದೇ 600ನ್ನು ರ‍್ಯಾಂಕ್ ಪೇ ಅಂತ ವಾಪಸ್ ಕೊಟ್ಟರು. ಒಟ್ಟು ಅದೇ 3,800, ಬರಬೇಕಿದ್ದದ್ದು 4,400. ಮುಂದಿನ ವೇತನ ಪರಿಷ್ಕರಣೆ, ಪಿಂಚಣಿ ಎಲ್ಲಕ್ಕೂ ಇದೇ ಬುನಾದಿ ಆದದ್ದರಿಂದ ನಷ್ಟ ಅಲ್ಲಿಗೇ ನಿಲ್ಲಲಿಲ್ಲ.

ಮೇಜರ್ ಎ.ಕೆ. ಧನಪಾಲನ್ ಇದನ್ನು ಕೇರಳ ಹೈಕೋರ್ಟಿನಲ್ಲಿ ಪ್ರಶ್ನಿಸಿ 1998ರಲ್ಲಿ ಗೆದ್ದರು. ಸರ್ಕಾರದ ಮೇಲ್ಮನವಿಯೂ 2003ರಲ್ಲಿ ಬಿದ್ದುಹೋಯಿತು. ನನಗೆ ಸಿಟ್ಟು ಬರೋದು ಇಲ್ಲಿಂದ. ತಪ್ಪು ಅವರೊಬ್ಬರ ಲೆಕ್ಕದಲ್ಲಿ ಇರಲಿಲ್ಲ, ಸೂತ್ರದಲ್ಲೇ ಇತ್ತು, ಅದೇ ಸೂತ್ರ ಭೂಸೇನೆ, ನೌಕಾಪಡೆ, ವಾಯುಪಡೆ ಮೂರಕ್ಕೂ ಇತ್ತು. ಆದರೂ ತೀರ್ಪನ್ನು ಅವರೊಬ್ಬರದ್ದು ಅನ್ನೋ ಹಾಗೆ ನೋಡಿ ಉಳಿದವರನ್ನು ಸುಮ್ನೆ ಬಿಟ್ಟರು. ಹಾಗಾಗಿ ಬೇರೆ ಅಧಿಕಾರಿಗಳೂ ಕೋರ್ಟುಗಳ ಮೆಟ್ಟಿಲು ಹತ್ತಬೇಕಾಯಿತು. 2010ರ ಮಾರ್ಚ್ 8ರಂದು ಸುಪ್ರೀಂ ಕೋರ್ಟ್ ಅಧಿಕಾರಿಗಳ ಪರ ಆದೇಶ ಕೊಟ್ಟಿತು. ಸರ್ಕಾರ ಅದನ್ನು ಹಿಂಪಡೆಯಿರಿ ಅಂತ ಮತ್ತೆ ಹೋಯಿತು!

ಕೊನೆಗೆ 2012ರ ಸೆಪ್ಟೆಂಬರ್ 4ರಂದು ಕೋರ್ಟ್ ಆದೇಶವನ್ನು ಉಳಿಸಿಕೊಂಡಿತು. ಕೋರ್ಟಿಗೆ ಬಾರದ, ಆದರೆ ಅದೇ ಸ್ಥಿತಿಯಲ್ಲಿರುವ ಅಧಿಕಾರಿಗಳಿಗೂ ಇದು ಅನ್ವಯಿಸುತ್ತೆ ಅಂತ ಸ್ಪಷ್ಟವಾಗಿ ಹೇಳಿತು. ನನ್ನ ಪ್ರಕಾರ ಇಡೀ ಪ್ರಕರಣದ ಜೀವಾಳ ಈ ಮಾತು. ಆದರೆ ಬಾಕಿ ಹಣದ ಮೇಲಿನ ಶೇ. 6ರ ಬಡ್ಡಿ 1986ರಿಂದಲ್ಲ, 2006ರ ಜನವರಿ 1ರಿಂದ ಅಂತ ಬದಲಾಯಿತು. ಇಪ್ಪತ್ತು ವರ್ಷದ ಬಡ್ಡಿ ಹೋಯಿತು, ಅಲ್ವಾ?

1986ರಲ್ಲಿ 50 ವರ್ಷದವರಾಗಿದ್ದ ಕಮೋಡೋರ್‌ಗೆ 2012ಕ್ಕೆ 76. ಅಷ್ಟರಲ್ಲಿ ತೀರಿಕೊಂಡವರ ಮನೆಯವರು ಹಳೇ ದಾಖಲೆ ಹಿಡಿದು ಓಡಾಡಬೇಕಾ? ಸಂಬಳದ ಸೂತ್ರ ತಪ್ಪು ಅಂತ ಒಂದು ಕೋರ್ಟ್ ಅಂತಿಮವಾಗಿ ಹೇಳಿದ ಮೇಲೆ, ಆ ಸೂತ್ರದಡಿ ಬಂದ ಪ್ರತಿ ಅಧಿಕಾರಿಯ ವೇತನವನ್ನೂ ಲೆಕ್ಕಪತ್ರ ಕಚೇರಿಯೇ ತಾನಾಗಿ ಮತ್ತೆ ನಿಗದಿ ಮಾಡಬೇಕು. ಯಾರು ಯಾವ ರ‍್ಯಾಂಕಿನಲ್ಲಿ ಯಾವಾಗ ಇದ್ದರು ಅನ್ನೋ ದಾಖಲೆ ಇರೋದು ಸರ್ಕಾರದ ಹತ್ತಿರವೇ. ಅರ್ಜಿ ಯಾಕೆ ಬೇಕು?