ಅವ್ವನ ಹೆಜ್ಜೆಯ ಅಳತೆ

ಹೇಮಾವತಿ ಜಲಾಶಯದ ಗರಿಷ್ಠ ಮಟ್ಟ 2922 ಅಡಿ. ಪತ್ರಿಕೆಯಲ್ಲಿ ಬರುವ ಇಂದಿನ ಮಟ್ಟವನ್ನು ರೈತರು ಬೆಳೆಯ ಲೆಕ್ಕಾಚಾರಕ್ಕಾಗಿ ನೋಡಿದರೆ, ನಾನು ನಾಲ್ಕು ವರ್ಷಗಳಿಂದ ಕ್ಯಾಮೆರಾ ಚೀಲ ಕಟ್ಟಬೇಕೋ ಬೇಡವೋ ಎಂದು ತಿಳಿಯಲು ನೋಡುತ್ತಿದ್ದೇನೆ. 1979ರಲ್ಲಿ ಪೂರ್ಣಗೊಂಡ ಗೊರೂರಿನ ಅಣೆಕಟ್ಟಿನ ಹಿನ್ನೀರಿನಲ್ಲಿ ಮುಳುಗಿದ ಊರುಗಳಲ್ಲಿ ಅವ್ವನ ತವರೂ ಒಂದು. ನೀರು ಚೆನ್ನಾಗಿ ಇಳಿದ ಬೇಸಿಗೆಯಲ್ಲಿ ಮಾತ್ರ ಅದು ಕೆಲವು ದಿನ ಮೇಲೆ ಕಾಣುತ್ತದೆ.

ಹಾಸನದಿಂದ ಕ್ಯಾಮೆರಾ ಹಿಡಿದು ಹಿನ್ನೀರಿಗೆ ಹೋಗುವವರು ಸಾಮಾನ್ಯವಾಗಿ ನಿಲ್ಲುವುದು ಶೆಟ್ಟಿಹಳ್ಳಿಯ ಚರ್ಚಿನ ಮುಂದೆ. 1860ರ ದಶಕದಲ್ಲಿ ಫ್ರೆಂಚ್ ಪಾದ್ರಿಗಳು ಗಾಥಿಕ್ ಶೈಲಿಯಲ್ಲಿ ಕಟ್ಟಿಸಿದ, ಈಗ ಚಾವಣಿಯಿಲ್ಲದ ಆ ಕಟ್ಟಡದ ಕಮಾನುಗಳು ಮಳೆಗಾಲದ ನೀರಿನಲ್ಲಿ ಅರ್ಧ ಮುಳುಗಿ ನಿಂತಾಗ ಯಾರು ತೆಗೆದರೂ ಚಿತ್ರ ಚೆನ್ನಾಗಿಯೇ ಬರುತ್ತದೆ. ಮೊದಲ ವರ್ಷ ನಾನೂ ಅದನ್ನೇ ತೆಗೆದೆ. ಮಸೂರಕ್ಕೆ ಕಪ್ಪು ಫಿಲ್ಟರ್ ಹಾಕಿ ಶಟರನ್ನು ಒಂದು ನಿಮಿಷ ತೆರೆದಿಟ್ಟರೆ ಅಲೆಗಳೆಲ್ಲ ಅಳಿಸಿಹೋಗಿ ನೀರು ಹಾಲಿನಂತೆ ಕಾಣುತ್ತದೆ. ಆ ಹಾಲಿನ ಕೆಳಗೆ ಯಾರದೋ ರಾಗಿ ಹೊಲ ಇದ್ದೀತೆಂಬ ಅನುಮಾನವೂ ನೋಡುವವರಿಗೆ ಬರುವುದಿಲ್ಲ. ಆ ಚಿತ್ರಗಳನ್ನು ನಾನು ಈಗ ಯಾರಿಗೂ ತೋರಿಸುವುದಿಲ್ಲ.

ಮರುವರ್ಷ ಅವ್ವನ ಊರಿಗೇ ಹೋಗಿ, ಒಂದು ರೋಲಿಗೆ ಕೇವಲ 12 ಚಿತ್ರ ಸಿಗುವ ಹಳೆಯ ಕ್ಯಾಮೆರಾದಲ್ಲಿ ಕಪ್ಪುಬಿಳುಪು ಚಿತ್ರಗಳನ್ನು ತೆಗೆದೆ: ಬಿರುಕುಬಿಟ್ಟ ಹೂಳು, ಹುಣಸೆಮರದ ಬೊಡ್ಡೆ, ಕುಳಿಯಲ್ಲಿ ಇನ್ನೂ ಒಂದು ಬೊಗಸೆ ನೀರು ಉಳಿದಿದ್ದ ಒರಳುಕಲ್ಲು. ಪ್ರಿಂಟುಗಳನ್ನು ಒಂದೊಂದಾಗಿ ಕೈಯಲ್ಲಿ ಹಿಡಿದು ನೋಡಿದ ಅವ್ವ, "ಇದ್ಯಾರ ಮನೆ ಒರಳೋ, ಗೊತ್ತಾಯ್ತಾ ಇಲ್ಲ ಕಣಪ್ಪ" ಎಂದು ಹಿಂದಕ್ಕೆ ಕೊಟ್ಟಳು.

ಕಳೆದ ಮೇ ತಿಂಗಳಲ್ಲಿ ಅವಳನ್ನೇ ಕರೆದುಕೊಂಡು ಹೋದೆ. ಊರು ಬಿಡುವಾಗ ಅವಳಿಗೆ 19 ವರ್ಷ. ಬೊಡ್ಡೆಯ ಬಳಿ ಸ್ವಲ್ಪ ಹೊತ್ತು ನಿಂತು ದಿಕ್ಕು ನೋಡಿಕೊಂಡವಳು ಸೆರಗು ಸಿಕ್ಕಿಸಿಕೊಂಡು ನಡೆಯತೊಡಗಿದಳು. ಎದುರಿಗೆ ಇದ್ದುದು ಅಡ್ಡಿಯೇ ಇಲ್ಲದ ಬಯಲು. ಆದರೂ ಅವಳು ನೇರವಾಗಿ ನಡೆಯಲಿಲ್ಲ. ಒಂದು ಕಡೆ ಎಡಕ್ಕೆ ತಿರುಗಿದಳು, ಇನ್ನೊಂದು ಕಡೆ ಏನನ್ನೋ ಬಳಸಿಕೊಂಡು ಹೋದಳು. ಒಣಗಿದ ಹೂಳಿನ ನಡುವೆ ಒಂದೆಡೆ ತಲೆಯನ್ನು ತುಸು ತಗ್ಗಿಸಿ ಮುಂದಕ್ಕೆ ಕಾಲಿಟ್ಟಳು. ಅಲ್ಲಿದ್ದದ್ದು ತವರುಮನೆಯ ಗಿಡ್ಡ ಬಾಗಿಲು ಎಂದು ನನಗೆ ಹೊಳೆಯುವಷ್ಟರಲ್ಲಿ ಅವಳು ಒಳಗೆ ಹೋಗಿಯಾಗಿತ್ತು.

ಸ್ಥಿರಚಿತ್ರವನ್ನು ಬಿಟ್ಟು ನಾನು ಚಲನಚಿತ್ರಕ್ಕೆ ಹೊರಳಿದ್ದು ಅಂದು. ಅದೇ ದಾರಿಯನ್ನು ಅವಳಿಂದ ಮತ್ತೊಮ್ಮೆ ನಡೆಸಿ, ಹತ್ತು ಹೆಜ್ಜೆ ಹಿಂದಿನಿಂದ ಒಂದೇ ಶಾಟಿನಲ್ಲಿ ಚಿತ್ರೀಕರಿಸಿದೆ. ಫೋಕಸ್ ತಪ್ಪಿದ್ದರಿಂದ ಮೊದಲ ಕೆಲವು ನಿಮಿಷ ಮಸುಕಾಗಿದೆ, ಮೈಕಿನ ತುಂಬ ಗಾಳಿಯ ಸದ್ದಿದೆ. ಹಿನ್ನೆಲೆಗೆ ಕೊಳಲು ಹಾಕೆಂದು ಸ್ನೇಹಿತರು ಹೇಳಿದರು, ನಾನು ಒಪ್ಪಲಿಲ್ಲ.

ಮನೆಯ ಟಿವಿಯಲ್ಲಿ ಅದನ್ನು ಹಾಕಿದಾಗ ಅವ್ವ ಈ ಬಾರಿ ಯಾವ ಜಾಗವೆಂದು ಕೇಳಲಿಲ್ಲ. ಮುಂದಕ್ಕೆ ಬಾಗಿ ನೋಡುತ್ತಿದ್ದವಳು ಅರ್ಧಕ್ಕೆ ನಿಲ್ಲಿಸಲು ಹೇಳಿ ಪರದೆಯ ಮೇಲೆ ಬೆರಳಿಟ್ಟಳು: "ಇಲ್ಲಿ ಕೊಟ್ಟಿಗೆ ಬಳಸ್ಕೊಂಡು ಹೋಗ್ಬೇಕಿತ್ತು. ಎಮ್ಮೆ ಮೇಲೇ ನಡ್ಕೊಂಡು ಹೋಗ್ಬಿಟ್ಟಿದ್ದೀನಿ ನೋಡು."