ಅವನನ್ನೇ ಕೇಳಿದ ದಿನ

ಅಂಗವೈಕಲ್ಯ ಇರುವ ವಯಸ್ಕರಿಗೆ ಪೋಷಕರನ್ನು ನೇಮಿಸುವ ಸ್ಥಳೀಯ ಮಟ್ಟದ ಸಮಿತಿಯ ಸಭೆ ಜಿಲ್ಲಾಧಿಕಾರಿ ಕಚೇರಿಯಲ್ಲಿ ಹನ್ನೊಂದಕ್ಕೆ ಅಂದರೆ, ಅರ್ಜಿದಾರರಿಗೆ ನೆರವಾಗುವ ನಾವು ಹತ್ತಕ್ಕೇ ಹೋಗಿ ಕೂರಬೇಕು. ಕಡತವನ್ನು ಇನ್ನೊಮ್ಮೆ ತಿರುವಿ ನೋಡಲು ಅಷ್ಟು ಹೊತ್ತು ಬೇಕೇ ಬೇಕು. ಆಧಾರ್‌ನಲ್ಲಿ ಒಂದು ಹೆಸರು, ಅಂಗವಿಕಲರ ಗುರುತಿನ ಚೀಟಿಯಾದ ಯುಡಿಐಡಿ ಕಾರ್ಡಿನಲ್ಲಿ ಇನಿಷಿಯಲ್ ಹಿಂದುಮುಂದು. ಅಂಗವೈಕಲ್ಯದ ಪ್ರಮಾಣಪತ್ರ ತಾತ್ಕಾಲಿಕ, ಅದರ ಅವಧಿಯೂ ಮುಗಿದಿರುತ್ತದೆ. ಅರ್ಜಿ ವಾಪಸಾಗುವುದು ಇಂಥ ಕಾರಣಗಳಿಗೇ.

ಆ ದಿನ ಬೆಂಚಿನ ಮೇಲೆ ಅರವತ್ತಾರು ವರ್ಷದ ತಾಯಿ, ದೊಡ್ಡ ಮಗ, ಮಗಳು ಮತ್ತು ಇಪ್ಪತ್ಮೂರರ ಕಿರಿಯ ಮಗ ಕೂತಿದ್ದರು. ತೀರ್ಮಾನವಾಗಬೇಕಿದ್ದದ್ದು ಈ ಕಿರಿಯವನ ವಿಷಯ. ಬೌದ್ಧಿಕ ಅಂಗವೈಕಲ್ಯದ ಜೊತೆಗೆ ಸೆರೆಬ್ರಲ್ ಪಾಲ್ಸಿ, ಅಂದರೆ ಮೆದುಳಿನ ತೊಂದರೆಯಿಂದ ಕೈಕಾಲು ಹಿಡಿತಕ್ಕೆ ಸಿಗದ ಸ್ಥಿತಿ. ಬಾಯಲ್ಲಿ ಬರುವುದು ನಾಲ್ಕೈದು ಪದ. ಮಿಕ್ಕದ್ದೆಲ್ಲ ಸನ್ನೆ, ನಗು, ಬೆರಳು ತೋರಿಸುವುದು. ತಂದೆ ಅಂಚೆ ಇಲಾಖೆಯಲ್ಲಿದ್ದವರು, ತೀರಿಕೊಂಡಿದ್ದರು.

ಮಗನಿಗೆ 18 ತುಂಬಿದ ಮೇಲೆ ತಂದೆತಾಯಿ ಕಾನೂನಿನ ಕಣ್ಣಿನಲ್ಲಿ ಸಹಜ ಪೋಷಕರಲ್ಲ. ಇದು ಬಹುತೇಕ ಮನೆಗಳಿಗೆ ತಿಳಿಯುವುದು ಬ್ಯಾಂಕಿನ ಕೌಂಟರಿನಲ್ಲಿ. 1999ರ ನ್ಯಾಷನಲ್ ಟ್ರಸ್ಟ್ ಕಾಯ್ದೆ ಆಟಿಸಂ, ಸೆರೆಬ್ರಲ್ ಪಾಲ್ಸಿ, ಬೌದ್ಧಿಕ ಅಂಗವೈಕಲ್ಯ ಮತ್ತು ಬಹುವಿಧ ಅಂಗವೈಕಲ್ಯ ಇರುವವರಿಗೆ ಮಾತ್ರ ಅನ್ವಯ. ಜಿಲ್ಲಾಧಿಕಾರಿ, ನೋಂದಾಯಿತ ಸಂಸ್ಥೆಯ ಒಬ್ಬ ಪ್ರತಿನಿಧಿ, ಅಂಗವೈಕಲ್ಯ ಇರುವ ಒಬ್ಬರು, ಹೀಗೆ ಮೂವರ ಈ ಸಮಿತಿ ಆ ಕಾಯ್ದೆಯಡಿ ಪೋಷಕರನ್ನು ನೇಮಿಸುತ್ತದೆ. ನಮೂನೆ 'ಎ'ಯಲ್ಲಿ ಅರ್ಜಿ, ನಮೂನೆ 'ಬಿ'ಯಲ್ಲಿ ಆದೇಶ.

ತಾಯಿ ನಮೂನೆ ತುಂಬಿಸಿಕೊಂಡೇ ಬಂದಿದ್ದರು. ಪೋಷಕನಾಗಿ ದೊಡ್ಡ ಮಗನ ಹೆಸರು. ಯಾವ ಉದ್ದೇಶಕ್ಕೆ ಎಂಬಲ್ಲಿ ಯಾರೋ ಬರೆದುಕೊಟ್ಟಿದ್ದರು: "ಎಲ್ಲ ವ್ಯವಹಾರಗಳಿಗೂ".

ಹತ್ತರಲ್ಲಿ ಎಂಟು ಅರ್ಜಿ ಕೆಡುವುದು ಈ ಎರಡು ಪದದಲ್ಲೇ ಎಂದು ನಮಗೆ ಅನ್ನಿಸುತ್ತದೆ. ಪೋಷಕ ಬೇಕೇ, ಬೇಕಾದರೆ ಯಾವ ಉದ್ದೇಶಕ್ಕೆ ಎಂಬ ಎರಡನ್ನೂ ಸಮಿತಿ ಪರಿಶೀಲಿಸಬೇಕೆಂದು ಸೆಕ್ಷನ್ 14 ಹೇಳುತ್ತದೆ. ಎಲ್ಲದಕ್ಕೂ ಎಂದು ಬರೆದರೆ, ಆ ವ್ಯಕ್ತಿಗೆ ಯಾವುದೂ ತಿಳಿಯದು ಎಂದು ಬರೆದುಕೊಟ್ಟ ಹಾಗೆ. ಮೈಮೇಲಿನ ಹಕ್ಕೂ ತಮ್ಮದೇ ಎಂದು ಪೋಷಕರು ಭಾವಿಸಿಬಿಡುತ್ತಾರೆ. ಚಂಡೀಗಢದ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ 2009ರಲ್ಲೇ ಹೇಳಿದೆ: ಸೌಮ್ಯ ಬೌದ್ಧಿಕ ಅಂಗವೈಕಲ್ಯ ಇರುವ ವಯಸ್ಕ ಹೆಣ್ಣುಮಗಳ ಗರ್ಭವನ್ನು ಅವಳ ಒಪ್ಪಿಗೆಯಿಲ್ಲದೆ ತೆಗೆಸುವಂತಿಲ್ಲ.

"ಅಮ್ಮಾ, ಈಗ ನಿಂತಿರೋ ಕೆಲಸ ಯಾವ್ದು, ಅದನ್ನಷ್ಟೇ ಹೇಳಿ" ಎಂದೆವು. ಎರಡು ಹೊರಬಿದ್ದವು. ತಾಯಿಯ ನಂತರ ಕುಟುಂಬ ಪಿಂಚಣಿ ಇವನಿಗೆ ಬರಬೇಕು. ಇವನ ಹೆಸರಿನಲ್ಲಿರುವ ವಿಮೆಯ ಹಣವನ್ನು ಬ್ಯಾಂಕ್ ಮುಟ್ಟಲು ಬಿಡುತ್ತಿಲ್ಲ.

ಪಿಂಚಣಿಗೆ ಈ ಆದೇಶವೇ ಬೇಕೆಂದಿಲ್ಲ. ಮಗನ ಪರವಾಗಿ ಹಣ ಪಡೆಯುವವರು ಯಾರೆಂದು ಕೇಂದ್ರ ಸರ್ಕಾರಿ ನೌಕರ ತಾನೇ ಸೂಚಿಸಬಹುದು. ಆತ ಸೂಚಿಸದೆ ತೀರಿಕೊಂಡರೆ ಸಂಗಾತಿ ಬರೆದುಕೊಡಬಹುದು. ತಾಯಿ ಬದುಕಿರುವಾಗಲೇ ಬರೆಯಬೇಕು, ಅಷ್ಟೆ. ಉಳಿದದ್ದು ಬ್ಯಾಂಕ್. ಸಮಿತಿ ಕೊಟ್ಟ ಪ್ರಮಾಣಪತ್ರದ ಮೇಲೆ ಖಾತೆ ತೆರೆದು ನಡೆಸಲು ರಿಸರ್ವ್ ಬ್ಯಾಂಕಿನ ಸೂಚನೆ ಇದೆ. ಹಾಗಾಗಿ ಉದ್ದೇಶದ ಸಾಲು ಹೊಡೆದು, ಆ ಒಂದು ಖಾತೆಯ ವ್ಯವಹಾರಕ್ಕೆ ಎಂದು ತಿದ್ದಿಸಿದೆವು.

ಪಕ್ಕದ ಬೆಂಚಿನಲ್ಲಿದ್ದ ದಂಪತಿ ಬೇರೆಯೇ ಕಾರಣಕ್ಕೆ ಬಂದಿದ್ದರು. ಮಗಳಿಗೆ ಸ್ಕಿಜೋಫ್ರೇನಿಯಾ. ಅಂಥ ಮಾನಸಿಕ ಕಾಯಿಲೆ ಇರುವವರಿಗೆ ಪೋಷಕರನ್ನು ನೇಮಿಸುವ ಅಧಿಕಾರ ಈ ಸಮಿತಿಗೆ ಇಲ್ಲ. ಗೊಂದಲ ಸಹಜವೇ, ಏಕೆಂದರೆ ಮೂರು ಕಾಯ್ದೆಗಳಲ್ಲೂ ಇದು ಸೆಕ್ಷನ್ 14. 2016ರ ಅಂಗವಿಕಲರ ಹಕ್ಕುಗಳ ಕಾಯ್ದೆಯ 14 ಸೀಮಿತ ಪೋಷಕತ್ವದ್ದು: ನಿರ್ದಿಷ್ಟ ತೀರ್ಮಾನಕ್ಕೆ, ನಿರ್ದಿಷ್ಟ ಅವಧಿಗೆ, ಪೋಷಕರೂ ಆ ವ್ಯಕ್ತಿಯೂ ಕೂಡಿ, ಆ ವ್ಯಕ್ತಿಯ ಇಚ್ಛೆಯಂತೆ. 2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆಯ 14ರಲ್ಲಿ ಪೋಷಕರ ಮಾತೇ ಇಲ್ಲ. ಚಿಕಿತ್ಸೆಯ ವಿಷಯದಲ್ಲಿ ತನ್ನ ಪರವಾಗಿ ಮಾತಾಡುವವರನ್ನು ಆ ಮಗಳೇ ಬಿಳಿ ಹಾಳೆಯ ಮೇಲೆ ಬರೆದು ಸಹಿ ಅಥವಾ ಹೆಬ್ಬೆಟ್ಟು ಹಾಕಿ ನೇಮಿಸಬಹುದು, ಬೇಡವೆನಿಸಿದರೆ ಬದಲಿಸಬಹುದು. ಆ ಮಗಳ ತಾಯಿಗೆ ಇದು ನೆಮ್ಮದಿ ತಂದಿತು, ತಂದೆಗೆ ತರಲಿಲ್ಲ.

ಕಿರಿಯ ಮಗನನ್ನು ಒಳಗೆ ಕರೆದಾಗ ಹನ್ನೆರಡು ದಾಟಿತ್ತು. ನ್ಯಾಷನಲ್ ಟ್ರಸ್ಟ್ ಕಾಯ್ದೆಯ ಸೆಕ್ಷನ್ 14ರಲ್ಲಿ ಆ ವ್ಯಕ್ತಿಯ ಒಪ್ಪಿಗೆ ಕೇಳಬೇಕೆಂಬ ಮಾತಿಲ್ಲ. 2016ರ ಕಾಯ್ದೆ ಬಂದ ಮೇಲೆ ಕೇಳದೆ ಬಿಡುವುದು ಸರಿಯಲ್ಲ, ಆ ದಿನದ ಸಮಿತಿ ಕೇಳಿತು. ಕೇಳುವುದಕ್ಕೂ ಒಂದು ಕ್ರಮ ಇದೆ. "ಅಣ್ಣ ನೋಡ್ಕೊಂಡ್ರೆ ಆಗುತ್ತಲ್ವಾ?" ಎಂದರೆ ಹೂಂ ಎಂದೇ ಬರುತ್ತದೆ. ಜೀವನವಿಡೀ ಹೂಂ ಎಂದು ಒಳ್ಳೆಯವನು ಅನ್ನಿಸಿಕೊಂಡವನು ಬೇರೇನು ಹೇಳಿಯಾನು? ಮನೆಯವರನ್ನು ಹೊರಗೆ ಕೂರಿಸಬೇಕು. ಒಂದು ಸಲಕ್ಕೆ ಒಂದೇ ಪ್ರಶ್ನೆ. ಕೇಳಿದ ಮೇಲೆ ಹತ್ತು ಹದಿನೈದು ಸೆಕೆಂಡು ಬಾಯಿ ಮುಚ್ಚಿಕೊಂಡಿರಬೇಕು. ಆ ಮೌನ ಅಧಿಕಾರಿಗಳಿಗೆ ಬಹಳ ಕಷ್ಟ. ಅದೇ ಪ್ರಶ್ನೆಯನ್ನು ತಿರುಗಿಸಿ ಇನ್ನೊಮ್ಮೆ ಕೇಳಿದರೆ ಉತ್ತರ ನಿಂತಿತೋ ಜಾರಿತೋ ಗೊತ್ತಾಗುತ್ತದೆ.

ಮೂವರ ಫೋಟೋ ಮೇಜಿನ ಮೇಲಿಟ್ಟು ಸಮಿತಿಯ ಸದಸ್ಯೆ ಕೇಳಿದರು, "ನಿಂಗೆ ಅಂಗಡೀಲಿ ಏನಾದ್ರೂ ಬೇಕು. ದುಡ್ಡು ಯಾರನ್ನ ಕೇಳ್ತೀಯಪ್ಪಾ?" ಬಹಳ ಹೊತ್ತು ಸುಮ್ಮನಿದ್ದ. ಆಮೇಲೆ ಬೆರಳು ಅಕ್ಕನ ಫೋಟೋದ ಮೇಲೆ ಹೋಯಿತು. ಫೋಟೋಗಳ ಜಾಗ ಬದಲಿಸಿ ಕೇಳಿದರು. ಮತ್ತೆ ಅಕ್ಕ. "ಯಾರು ಬೇಡ?" ಎಂದಾಗ ಯಾರನ್ನೂ ತೋರಿಸಲಿಲ್ಲ.

ಅಣ್ಣನ ಬಗ್ಗೆ ದೂರೇನೂ ಇರಲಿಲ್ಲ. ಆದರೆ ತಂದೆಯ ಮನೆ ಇನ್ನೂ ಭಾಗವಾಗಿಲ್ಲ, ಆ ಮನೆಯಲ್ಲಿ ವಾಸವಿರುವವನು ಅಣ್ಣ. ಹಣ, ಆಸ್ತಿಯಲ್ಲಿ ಹಿತಾಸಕ್ತಿಯ ಘರ್ಷಣೆ ಬಂದರೆ ಬೆಂಬಲಿಸುವವರು ಆ ವ್ಯವಹಾರದಿಂದ ದೂರ ಸರಿಯಬೇಕೆಂದು 2016ರ ಕಾಯ್ದೆಯ ಸೆಕ್ಷನ್ 13 ಹೇಳುತ್ತದೆ. ಅಕ್ಕನಿಗೂ ಪಾಲಿದೆಯಲ್ಲ ಎಂದು ಅಣ್ಣ ಕೇಳಿದ, ನ್ಯಾಯವಾದ ಪ್ರಶ್ನೆಯೇ. ಅದಕ್ಕೇ ಮನೆಯ ವಿಷಯವನ್ನು ಆದೇಶದಿಂದ ಹೊರಗಿಟ್ಟರು. ಅಕ್ಕನ ಒಪ್ಪಿಗೆಯೊಂದಿಗೆ ಹೊಸ ಅರ್ಜಿ ಹಾಕಲು ಹೇಳಿ ಕಳಿಸಿದರು. ತಾಯಿ ಮೆಟ್ಟಿಲಿಳಿಯುವಾಗ ಅತ್ತರು. ದೊಡ್ಡ ಮಗನಿಗೆ ಅವಮಾನವಾಯಿತೆಂಬ ಸಂಕಟ.

ಮುಂದಿನ ಸಭೆಯಲ್ಲಿ ನಮೂನೆ 'ಬಿ' ಕೈಗೆ ಬಂತು. ಅದರ ಜೆರಾಕ್ಸ್ ಹಿಂದೆ ಅಕ್ಕನಿಂದ ಎರಡು ಗಡುವು ಬರೆಸಿದೆವು. ನೇಮಕವಾದ ಆರು ತಿಂಗಳೊಳಗೆ ಅವನ ಆಸ್ತಿ, ಸಾಲಗಳ ಪಟ್ಟಿ. ಪ್ರತಿ ವರ್ಷ ಜೂನ್ 30ರೊಳಗೆ ಹಿಂದಿನ ಹಣಕಾಸು ವರ್ಷದ ಲೆಕ್ಕ. ಹಣ ದುರುಪಯೋಗವಾದರೆ, ಅವನನ್ನು ಕಡೆಗಣಿಸಿದರೆ ಸೆಕ್ಷನ್ 17ರಡಿ ಪೋಷಕರನ್ನು ತೆಗೆಯಬಹುದು.

ಬ್ಯಾಂಕಿಗೆ ಹೋಗುವಾಗಲೆಲ್ಲ ಅವನನ್ನೂ ಕರೆದುಕೊಂಡು ಹೋಗಿ, ಎಷ್ಟು ತೆಗೆದಿರಿ ಎಂದು ಅವನಿಗೆ ತೋರಿಸಿ ಎಂದು ಸದಸ್ಯೆ ಅಕ್ಕನಿಗೆ ಹೇಳಿದರು. ಅದನ್ನೂ ಆದೇಶದಲ್ಲಿ ಬರೆಯಿರಿ ಎಂದು ಕೇಳಿದೆವು. ನಮೂನೆಯಲ್ಲಿ ಅದಕ್ಕೆ ಜಾಗವಿಲ್ಲ ಎಂಬ ಉತ್ತರ ಬಂತು. ಸಭೆಯ ನಡವಳಿಯಲ್ಲಿ ಸೇರಿಸಿ ಎಂದು ಅರ್ಜಿ ಕೊಟ್ಟು, ಸ್ವೀಕೃತಿಯ ಸೀಲು ಹಾಕಿಸಿಕೊಂಡು ಬಂದೆವು.